ಕಲಸುವುದೇ, ಕಡೆಯುವುದೇ, ತೊಳಸುವುದೇ? ಅಡುಗೆಮನೆಯ ಕೈಸಲಕರಣೆಗಳನ್ನು ಆರಿಸುವ ಸಮಗ್ರ ಮಾರ್ಗದರ್ಶಿ

ನನ್ನ ತಾಯಿ ಅಡುಗೆ ಹೇಳಿಕೊಡುವಾಗ "ಮಿಕ್ಸ್ ಮಾಡು" ಎಂಬ ಮಾತನ್ನು ಬಳಸುತ್ತಲೇ ಇರಲಿಲ್ಲ. ವಡೆಯ ಹಿಟ್ಟನ್ನು ಕಲಸು, ಮೊಸರನ್ನು ಕಡೆ, ಮುದ್ದೆಯನ್ನು ತೊಳಸು, ಬೆಂದ ಸೊಪ್ಪನ್ನು ಮಸೆ, ನೀರುದೋಸೆಯ ಹಿಟ್ಟನ್ನು ಹುಯ್ಯುವ ಮುನ್ನ ಕದಡು, ಉಪ್ಪಿಟ್ಟಿಗೆ ರವೆ ಹಾಕುವಾಗ ಕೈಯಾಡಿಸು, ಹಲ್ವವನ್ನು ತಳ ಹಿಡಿಯದಂತೆ ಮಗುಚು ಎಂದು ಒಂದೊಂದು ಕೆಲಸಕ್ಕೂ ಒಂದೊಂದು ಮಾತು ಹೇಳುತ್ತಿದ್ದರು. ಕೈ ಯಾವ ಕಡೆಗೆ ಆಡಬೇಕು, ಎಷ್ಟು ಬಲ ಹಾಕಬೇಕು, ಕೈಯಲ್ಲಿ ಯಾವ ಸಲಕರಣೆ ಇರಬೇಕು ಎಂಬುದೆಲ್ಲ ಆ ಒಂದು ಕ್ರಿಯಾಪದದಲ್ಲೇ ಅಡಗಿರುತ್ತಿತ್ತು. ಈಗಿನ ಪಾಕವಿಧಾನಗಳಲ್ಲಿ ಈ ಏಳೂ ಕೆಲಸಗಳು "ಚೆನ್ನಾಗಿ ಮಿಕ್ಸ್ ಮಾಡಿಕೊಳ್ಳಿ" ಎಂಬ ಒಂದೇ ಸಾಲಿನೊಳಗೆ ಸೇರಿಹೋಗಿವೆ. ಅಡುಗೆಮನೆಯ ಡ್ರಾಯರ್ ತುಂಬ ಸಲಕರಣೆಗಳಿದ್ದರೂ ಮಜ್ಜಿಗೆಹುಳಿಯಲ್ಲಿ ಕಡಲೆಹಿಟ್ಟು ಗಂಟಾಗುವುದು, ಕೇಕು ರಬ್ಬರಿನಂತಾಗುವುದು, ಬೆಣ್ಣೆ ಬಾರದೆ ಕೈ ಸೋಲುವುದು ಬಹುಮಟ್ಟಿಗೆ ಇದರಿಂದಲೇ. ಮೊದಲು ಕ್ರಿಯಾಪದವನ್ನು ಗೊತ್ತುಮಾಡಿಕೊಂಡರೆ ಸಲಕರಣೆಯ ಆಯ್ಕೆ ಹೆಚ್ಚೇನೂ ಕಷ್ಟವಲ್ಲ. ಮುಂದಿನ ಹಂತಗಳನ್ನು ಆ ನಂಬಿಕೆಯಿಂದಲೇ ಬರೆದಿದ್ದೇನೆ.

ಮೊದಲ ಹಂತ: ಪಾತ್ರೆಯೊಳಗೆ ಏನಾಗಬೇಕು ಎಂದು ಕೇಳಿಕೊಳ್ಳಿ

ಸಲಕರಣೆಗೆ ಕೈ ಹಾಕುವ ಮೊದಲು ನಾಲ್ಕು ವಿಷಯಗಳನ್ನು ಗೊತ್ತುಮಾಡಿಕೊಳ್ಳಬೇಕು. ಪದಾರ್ಥದೊಳಗೆ ಗಾಳಿ ಸೇರಬೇಕೇ, ಅಥವಾ ಈಗಾಗಲೇ ಇರುವ ಗಾಳಿ ಹೋಗದಂತೆ ನೋಡಿಕೊಳ್ಳಬೇಕೇ ಎಂಬುದು ಮೊದಲನೆಯದು. ಏನನ್ನಾದರೂ ಒಡೆಯಬೇಕೇ ಎಂಬುದು ಎರಡನೆಯದು. ಹಿಟ್ಟಿನ ಗಂಟು, ಬೆಂದ ಬೇಳೆ, ಮೊಸರಿನ ಗಡ್ಡೆ ಎಲ್ಲವೂ ಈ ಲೆಕ್ಕಕ್ಕೆ ಬರುತ್ತವೆ. ಪದಾರ್ಥ ಕೊನೆಯಲ್ಲಿ ಎಷ್ಟು ಗಟ್ಟಿಯಾಗುತ್ತದೆ ಎಂಬುದು ಮೂರನೆಯದು, ಕೆಲಸ ಬೆಂಕಿಯ ಮೇಲೆ ನಡೆಯುತ್ತದೆಯೇ ಎಂಬುದು ನಾಲ್ಕನೆಯದು. ಇವುಗಳಲ್ಲಿ ಮೂರನೆಯದನ್ನು ಜನ ಹೆಚ್ಚಾಗಿ ಮರೆಯುತ್ತಾರೆ. ರಾಗಿ ಹಿಟ್ಟು ಹಾಕುವಾಗ ಪಾತ್ರೆಯಲ್ಲಿರುವುದು ಬರಿ ನೀರು, ಇಳಿಸುವಾಗ ಇರುವುದು ಕೈಯನ್ನೇ ಹಿಡಿದು ನಿಲ್ಲಿಸುವಷ್ಟು ಗಟ್ಟಿಯಾದ ಮುದ್ದೆ. ಆದ್ದರಿಂದ ಸಲಕರಣೆಯನ್ನು ಆರಂಭದ ಸ್ಥಿತಿ ನೋಡಿ ಆರಿಸದೆ ಕೊನೆಯ ಸ್ಥಿತಿ ನೋಡಿ ಆರಿಸಬೇಕು.

ಎರಡನೆಯ ಹಂತ: ಗಂಟಿಲ್ಲದೆ ಕದಡುವ ಕೆಲಸಕ್ಕೆ ವಿಸ್ಕ್

ಹಿಟ್ಟು ಏಕೆ ಗಂಟಾಗುತ್ತದೆ ಎಂದು ತಿಳಿದರೆ ಸಲಕರಣೆಯೂ ತಿಳಿಯುತ್ತದೆ. ಒಣ ಹಿಟ್ಟು ಬಿಸಿನೀರಿಗೆ ಬಿದ್ದೊಡನೆ ಹೊರಗಿನ ಪಿಷ್ಟವು ಉಬ್ಬಿ ಅಂಟಾಗಿ ಒಂದು ಪೊರೆ ಕಟ್ಟುತ್ತದೆ, ಒಳಗಿನ ಹಿಟ್ಟು ಒಣಗಿಯೇ ಉಳಿಯುತ್ತದೆ. ಆ ಪೊರೆ ಒಮ್ಮೆ ಕಟ್ಟಿತೆಂದರೆ ಎಷ್ಟು ತಿರುವಿದರೂ ಒಡೆಯುವುದು ಕಷ್ಟ. ಆದ್ದರಿಂದ ಅಂಬಲಿಯ ರಾಗಿ ಹಿಟ್ಟನ್ನಾಗಲಿ, ಜುಣಕದ ಕಡಲೆಹಿಟ್ಟನ್ನಾಗಲಿ ಮೊದಲು ತಣ್ಣೀರಿನಲ್ಲಿ ಕದಡಬೇಕು. ಈ ಕೆಲಸಕ್ಕೆ ವಿಸ್ಕ್, ಅಂದರೆ ಹಿಡಿಯ ತುದಿಗೆ ಬಾಗಿದ ತಂತಿಗಳನ್ನು ಜೋಡಿಸಿದ ಸಲಕರಣೆಗೆ ಸಮನಾದದ್ದು ಇನ್ನೊಂದಿಲ್ಲ, ಏಕೆಂದರೆ ಅದರ ಹತ್ತಾರು ತಂತಿಗಳು ಒಂದೊಂದು ಬೀಸಿಗೂ ಹತ್ತಾರು ಕಡೆ ಗಂಟನ್ನು ಸೀಳುತ್ತವೆ. ಮೊದಲು ಸ್ವಲ್ಪವೇ ನೀರು ಹಾಕಿ ಗಟ್ಟಿಯಾಗಿ ಕದಡಿ, ನಯವಾದ ಮೇಲೆ ಉಳಿದ ನೀರು ಸೇರಿಸಿ. ನೀರು ಹೆಚ್ಚಾದರೆ ಗಂಟುಗಳು ತಂತಿಗಳ ನಡುವಿನಿಂದ ಜಾರಿ ತಪ್ಪಿಸಿಕೊಳ್ಳುತ್ತವೆ.

ಕೈಯನ್ನು ವೃತ್ತಾಕಾರವಾಗಿ ತಿರುಗಿಸುವುದಕ್ಕಿಂತ ಎಡಕ್ಕೂ ಬಲಕ್ಕೂ ಬೀಸುವುದು ಮೇಲು. ಒಂದೇ ದಿಕ್ಕಿಗೆ ತಿರುಗಿಸಿದರೆ ಪಾತ್ರೆಯಲ್ಲಿರುವ ದ್ರವವೆಲ್ಲ ವಿಸ್ಕಿನ ಜೊತೆಗೇ ಸುತ್ತತೊಡಗುತ್ತದೆ, ತಂತಿಗೂ ದ್ರವಕ್ಕೂ ನಡುವೆ ತಿಕ್ಕಾಟವೇ ಉಳಿಯುವುದಿಲ್ಲ. ದಿಕ್ಕು ಬದಲಾದಾಗಲೆಲ್ಲ ದ್ರವವು ಎದುರು ಬಂದು ತಂತಿಗೆ ಸಿಕ್ಕಿ ಸೀಳುತ್ತದೆ.

ವಿಸ್ಕುಗಳಲ್ಲಿ ಹೊಟ್ಟೆ ದಪ್ಪಗಿರುವ ಬಲೂನ್ ಆಕಾರದ್ದು ಗಾಳಿ ಸೇರಿಸಲು ಒಳ್ಳೆಯದು. ತುಸು ಸಪೂರವಾಗಿ ಉದ್ದಕ್ಕಿರುವುದು ಪಾತ್ರೆಯ ಮೂಲೆಗಳನ್ನು ತಲುಪುತ್ತದೆ. ಚಪ್ಪಟೆಯಾದದ್ದು ಬಾಣಲೆಯ ತಳದಲ್ಲಿ ಹಿಟ್ಟು ಹುರಿದು ಹಾಲು ಸೇರಿಸುವಂಥ ಕೆಲಸಕ್ಕೆ ಅನುಕೂಲ. ಮನೆಗೆ ಒಂದೇ ಸಾಕೆನ್ನುವವರು ಎರಡನೆಯದನ್ನು, ಸುಮಾರು 25 ಸೆಂಟಿಮೀಟರ್ ಉದ್ದದ್ದನ್ನು ಕೊಳ್ಳಬಹುದು.

ಅಂಗಡಿಯಲ್ಲಿ ವಿಸ್ಕನ್ನು ಕೊಳ್ಳುವಾಗ ಹೊಳಪು ನೋಡದೆ, ತಂತಿಗಳು ಹಿಡಿಯನ್ನು ಸೇರುವ ಜಾಗವನ್ನು ನೋಡಬೇಕು. ನಾನು ಮೊದಲು ಕೊಂಡ ವಿಸ್ಕಿನ ಹಿಡಿ ಒಳಗೆ ಟೊಳ್ಳಾಗಿತ್ತು, ತಂತಿಯ ಬುಡದಲ್ಲಿ ಬೆಸುಗೆಯೂ ಇರಲಿಲ್ಲ, ಮುಚ್ಚಳವೂ ಇರಲಿಲ್ಲ. ತೊಳೆದಾಗಲೆಲ್ಲ ನೀರು ಒಳಗಿಳಿದು ನಿಲ್ಲುತ್ತಿತ್ತು. ಒಂದು ದಿನ ಮಗಳ ಹುಟ್ಟುಹಬ್ಬದ ಕೇಕಿಗೆಂದು ಬೆಣ್ಣೆ ಸಕ್ಕರೆ ಹೊಡೆಯುತ್ತಿದ್ದಾಗ, ಬಿಳಿಯ ಕೆನೆಯಂಥ ಆ ಮಿಶ್ರಣದ ಮೇಲೆ ಕಂದು ಬಣ್ಣದ ತುಕ್ಕಿನ ನೀರು ಎರಡು ಹನಿ ಬಿತ್ತು. ಅಷ್ಟನ್ನೂ ಚೆಲ್ಲಬೇಕಾಯಿತು. ಅಂದಿನಿಂದ ಯಾವ ವಿಸ್ಕನ್ನು ಕೈಗೆತ್ತಿಕೊಂಡರೂ ಬುಡ ಭದ್ರವಾಗಿ ಮುಚ್ಚಿದೆಯೇ ಎಂದು ಉಗುರಿನಿಂದ ತಡವಿ ನೋಡುತ್ತೇನೆ, ತಂತಿಗಳನ್ನು ಅಂಗೈಗೆ ಒತ್ತಿ ಬಿಟ್ಟಾಗ ಹಿಂದಿನ ಆಕಾರಕ್ಕೆ ಮರಳುತ್ತವೆಯೇ ಎಂದು ಪರೀಕ್ಷಿಸುತ್ತೇನೆ. ಮನೆಯಲ್ಲಿರುವ ವಿಸ್ಕನ್ನು ಒಮ್ಮೆ ಕಿವಿಯ ಬಳಿ ಅಲುಗಾಡಿಸಿ ನೋಡಿ. ಒಳಗೆ ನೀರಿನ ಸದ್ದು ಕೇಳಿಸಿದರೆ ಅದನ್ನು ಅಡುಗೆಗೆ ಬಳಸಬೇಡಿ.

ಮೂರನೆಯ ಹಂತ: ಕಡೆಯುವ ಕೆಲಸಕ್ಕೆ ಕಡೆಗೋಲು

ಉಡುಪಿಯಲ್ಲಿ ಮಧ್ವಾಚಾರ್ಯರು 13ನೆಯ ಶತಮಾನದಲ್ಲಿ ಪ್ರತಿಷ್ಠಾಪಿಸಿದ ಕೃಷ್ಣನ ಕೈಯಲ್ಲಿರುವುದು ಕಡೆಗೋಲು. ಕರಾವಳಿಯ ಕೆಲವು ಮನೆಗಳಲ್ಲಿ ಇದನ್ನು ಮಂತು ಎನ್ನುತ್ತಾರೆ. ಇಷ್ಟು ಹಳೆಯ ಸಲಕರಣೆಯ ಆಕಾರ ಇಷ್ಟು ಕಾಲ ಹೆಚ್ಚೇನೂ ಬದಲಾಗದಿರುವುದಕ್ಕೆ ಕಾರಣವಿದೆ. ಎರಡು ಅಂಗೈಗಳ ನಡುವೆ ಹಿಡಿದು ಉಜ್ಜಿದಾಗ, ಅಥವಾ ಹಗ್ಗ ಸುತ್ತಿ ಎಳೆದಾಗ, ಅದು ಒಮ್ಮೆ ಬಲಕ್ಕೆ, ಮರುಕ್ಷಣ ಎಡಕ್ಕೆ ತಿರುಗುತ್ತದೆ. ವಿಸ್ಕಿನ ವಿಷಯದಲ್ಲಿ ಕೈಗೆ ಕಲಿಸಿಕೊಡಬೇಕಾದ ದಿಕ್ಕು ಬದಲಾವಣೆ ಕಡೆಗೋಲಿಗೆ ಹುಟ್ಟುಗುಣ. ಬುಡದ ಗುಂಡಿನ ಏಣುಗಳು ಕೆನೆಯನ್ನು ಹೊರಕ್ಕೆ ಎಸೆಯುತ್ತವೆ, ಅದು ಪಾತ್ರೆಯ ಗೋಡೆಗೆ ಬಡಿದು ಮತ್ತೆ ಗುಂಡಿನ ಕಡೆಗೆ ಬರುತ್ತದೆ.

ಕೆನೆಯಲ್ಲಿ ಕೊಬ್ಬು ಸಣ್ಣ ಸಣ್ಣ ಗೋಲಿಗಳಾಗಿ ತೇಲುತ್ತಿರುತ್ತದೆ, ಪ್ರತಿಯೊಂದಕ್ಕೂ ಒಂದು ತೆಳು ಪೊರೆಯಿರುತ್ತದೆ. ಕಡೆಯುವುದೆಂದರೆ ಆ ಪೊರೆಗಳನ್ನು ಒಡೆದು ಕೊಬ್ಬು ಕೊಬ್ಬಿಗೆ ಅಂಟುವಂತೆ ಮಾಡುವುದು. ಇದಕ್ಕೆ ಉಷ್ಣತೆ ಬಹಳ ಮುಖ್ಯ. ಕೆನೆ ತೀರ ತಣ್ಣಗಿದ್ದರೆ ಕೊಬ್ಬು ಗಟ್ಟಿಯಾಗಿದ್ದು ಅಂಟಿಕೊಳ್ಳುವುದಿಲ್ಲ, ನೊರೆ ಮಾತ್ರ ಏಳುತ್ತದೆ. ಬೆಚ್ಚಗಾದರೆ ಬೆಣ್ಣೆ ಎಣ್ಣೆಯಂತೆ ಮೆತ್ತಗಾಗಿ ಪಾತ್ರೆಗೆ ಬಳಿದುಕೊಳ್ಳುತ್ತದೆ. ಸುಮಾರು 12ರಿಂದ 18 ಡಿಗ್ರಿ ಸೆಲ್ಸಿಯಸ್ ನಡುವೆ ಕೆಲಸ ಸಲೀಸು. ಫ್ರಿಜ್‌ನಿಂದ ತೆಗೆದ ಕೆನೆಮೊಸರನ್ನು ಸ್ವಲ್ಪ ಹೊತ್ತು ಹೊರಗಿಟ್ಟು ಕಡೆಯಲು ಕೂರಬೇಕು. ಬೇಸಿಗೆಯಲ್ಲಿ ನಡುನಡುವೆ ತಣ್ಣೀರು, ಚಳಿಗಾಲದಲ್ಲಿ ತುಸು ಬೆಚ್ಚನೆಯ ನೀರು ಹಾಕುವ ರೂಢಿ ಹಿರಿಯರದು. ಕೈ ಸೋತವರು ಸಾಮಾನ್ಯವಾಗಿ ಕಡೆಗೋಲನ್ನು ದೂರುತ್ತಾರೆ, ತಪ್ಪು ಮಾತ್ರ ಹೆಚ್ಚಿನ ಸಲ ಉಷ್ಣತೆಯದೇ ಆಗಿರುತ್ತದೆ.

ಬೆಣ್ಣೆ ಬರುವ ಗಳಿಗೆಯನ್ನು ಕಿವಿಯೇ ಮೊದಲು ಹಿಡಿಯುತ್ತದೆ. ಆರಂಭದಲ್ಲಿ ಸದ್ದು ತೆಳ್ಳಗೆ ಸಳಸಳ ಎನ್ನುತ್ತದೆ. ಆಮೇಲೆ ನೊರೆ ಎದ್ದು, ಮಿಶ್ರಣ ದಪ್ಪವಾಗಿ, ಸದ್ದು ಹೂತುಹೋದಂತೆ ಮಂದವಾಗುತ್ತದೆ, ಕೋಲೂ ಭಾರವೆನಿಸುತ್ತದೆ. ಇಲ್ಲಿಯೇ ಅನೇಕರು ನಿಲ್ಲಿಸಿಬಿಡುತ್ತಾರೆ. ಇನ್ನು ಸ್ವಲ್ಪ ಕಡೆದರೆ ಇದ್ದಕ್ಕಿದ್ದಂತೆ ಕೋಲು ಹಗುರಾಗುತ್ತದೆ, ಸದ್ದು ನೀರಿನದಾಗುತ್ತದೆ, ಎತ್ತಿ ನೋಡಿದರೆ ಗುಂಡಿನ ಏಣುಗಳಿಗೆ ಬನ್ಸಿರವೆಯಷ್ಟು ದಪ್ಪದ ಹಳದಿ ಕಾಳುಗಳು ಅಂಟಿರುತ್ತವೆ. ಆಗ ಒಂದು ಲೋಟ ತಣ್ಣೀರು ಹಾಕಿ ನಾಲ್ಕು ಸುತ್ತು ನಿಧಾನವಾಗಿ ಕಡೆದರೆ ಕಾಳುಗಳೆಲ್ಲ ಒಂದಾಗಿ ತೇಲುತ್ತವೆ.

ಕಡೆಗೋಲು ಕೊಳ್ಳುವಾಗ ಮೂರು ವಿಷಯ ನೋಡಿ. ಗುಂಡಿನ ಅಗಲ ಪಾತ್ರೆಯ ಬಾಯಿಯ ಮೂರರಲ್ಲಿ ಒಂದು ಭಾಗದಷ್ಟಿದ್ದರೆ ಸಾಕು. ಹಿಡಿ ಗುಂಡಗೆ, ನಯವಾಗಿ, ಎರಡೂ ಅಂಗೈಗೆ ಒಂದರ ಕೆಳಗೊಂದು ಜಾಗ ಸಿಗುವಷ್ಟು ಪಾತ್ರೆಯಿಂದ ಮೇಲಕ್ಕಿರಬೇಕು. ಗುಂಡು ಬಿಡಿಯಾಗಿದ್ದು ಹಿಡಿಗೆ ಸೇರಿಸಿದ್ದಾದರೆ, ಸೇರುವ ಜಾಗದಲ್ಲಿ ಸಂದು ಇರಬಾರದು. ಸಂದಿನಲ್ಲಿ ಉಳಿದ ಮಜ್ಜಿಗೆ ಹುಳಿತು ವಾಸನೆ ಬರುತ್ತದೆ. ಕಡೆಯುವಾಗ ಗುಂಡು ತಳಕ್ಕೆ ತಾಗದೆ ಒಂದು ಬೆರಳಿನಷ್ಟು ಮೇಲಿರಲಿ. ಪಾತ್ರೆ ಅಗಲವಾಗಿರುವುದಕ್ಕಿಂತ ಎತ್ತರವಾಗಿರಲಿ. ಕಲಾಯಿ ಇಲ್ಲದ ಹಿತ್ತಾಳೆ, ತಾಮ್ರದ ಪಾತ್ರೆಗಳಲ್ಲಿ ಮೊಸರನ್ನು ಕಡೆಯಲೇಬಾರದು, ಹುಳಿಗೆ ಲೋಹ ಬಿಡುತ್ತದೆ. ಸ್ಟೀಲ್ ಅಥವಾ ಮಣ್ಣಿನ ಪಾತ್ರೆ ಒಳ್ಳೆಯದು.

ಕುಡಿಯುವ ಮಜ್ಜಿಗೆ ಮಾತ್ರ ಬೇಕು, ಬೆಣ್ಣೆ ಬೇಡ ಎನ್ನುವವರಿಗೆ ವಿಸ್ಕ್ ಆದರೂ ನಡೆಯುತ್ತದೆ. ಮೊಸರಿನ ಗಡ್ಡೆ ಒಡೆದರೆ ಸಾಕಾಗುತ್ತದೆ.

ನಾಲ್ಕನೆಯ ಹಂತ: ತೊಳಸಲು, ಮಸೆಯಲು ಮರ

ಮುದ್ದೆಯ ವಿಷಯದಲ್ಲಿ ನನಗೆ ರಾಜಿಯಿಲ್ಲ. ಇದಕ್ಕೆ ಮರದ ಮುದ್ದೆಕೋಲೇ ಬೇಕು. ಒಂದು ಅಳತೆ ರಾಗಿ ಹಿಟ್ಟಿಗೆ ಸುಮಾರು ಎರಡು ಅಳತೆ ನೀರು ಕುದಿಸಿ, ಹಿಟ್ಟನ್ನು ಗುಡ್ಡೆಯಂತೆ ಸುರಿದು, ಕದಡದೆ ಸಣ್ಣ ಉರಿಯಲ್ಲಿ ಬೇಯಲು ಬಿಟ್ಟು, ಆಮೇಲೆ ಕೋಲಿನಿಂದ ಹಿಟ್ಟನ್ನು ಪಾತ್ರೆಯ ಗೋಡೆಗೆ ಒತ್ತಿ ಒತ್ತಿ ತೊಳಸುವುದು ಕ್ರಮ. ಗಂಟು ಇಲ್ಲಿ ಸೀಳುವುದರಿಂದ ಒಡೆಯುವುದಿಲ್ಲ, ಕೋಲಿಗೂ ಗೋಡೆಗೂ ನಡುವೆ ಸಿಕ್ಕಿ ಅರೆಯಲ್ಪಟ್ಟು ಒಡೆಯುತ್ತದೆ. ವಿಸ್ಕ್ ಹಾಕಿದರೆ ಹಿಟ್ಟು ತಂತಿಗಳೊಳಗೆ ಉಂಡೆಯಾಗಿ ಕೂತುಬಿಡುತ್ತದೆ, ತಂತಿ ಬಾಗುತ್ತದೆ. ಸಾಧಾರಣ ಮರದ ಸೌಟಿನ ಕತ್ತು ಸಪೂರವಾಗಿರುವುದರಿಂದ ಅಲ್ಲಿಯೇ ಮುರಿಯುತ್ತದೆ. ಮುದ್ದೆಕೋಲು ಬುಡದಿಂದ ತುದಿಯವರೆಗೆ ಒಂದೇ ದಪ್ಪವಾಗಿ, ಹಿಡಿದರೆ ಮುಷ್ಟಿ ತುಂಬುವಂತೆ, ಒಂದೂವರೆ ಅಡಿಗೆ ಕಡಿಮೆಯಿಲ್ಲದಂತೆ ಇರಬೇಕು. ಉದ್ದವಿದ್ದಷ್ಟೂ ಕೈ ಹಬೆಯಿಂದ ದೂರವಿರುತ್ತದೆ, ತೋಳಿನ ಬಲವೂ ಚೆನ್ನಾಗಿ ಒದಗುತ್ತದೆ. ಪಾತ್ರೆ ಜಾರದಂತೆ ಹಿಡಿಯಲು ಹಳ್ಳಿಯ ಮನೆಗಳಲ್ಲಿ ಕವೆಕೋಲು ಇರುತ್ತಿತ್ತು. ಈಗ ಇಕ್ಕಳವೋ ದಪ್ಪ ಬಟ್ಟೆಯೋ ಸಾಕಾಗುತ್ತದೆ, ಆದರೆ ಪಾತ್ರೆಯನ್ನು ಒಲೆಯಿಂದ ಕೆಳಗಿಳಿಸಿಯೇ ತೊಳಸಬೇಕು.

ಮಸ್ಸೊಪ್ಪಿನ ಹೆಸರಿನಲ್ಲೇ ಮಸೆಯುವ ಕೆಲಸವಿದೆ. ಬೆಂದ ಬೇಳೆ ಸೊಪ್ಪನ್ನು ಮಿಕ್ಸಿಗೆ ಹಾಕಿದರೆ ಎಲ್ಲವೂ ಒಂದೇ ಸಮನಾದ ಹಸಿರು ಗಂಜಿಯಾಗುತ್ತದೆ. ಕಡೆಗೋಲಿನಿಂದಲೋ ಸೊಪ್ಪು ಮಸೆಯುವ ಕೋಲಿನಿಂದಲೋ ಮಸೆದರೆ ಬೇಳೆ ಕರಗಿ ಸಾರಿಗೆ ಗಟ್ಟಿತನ ಕೊಡುತ್ತದೆ, ಸೊಪ್ಪಿನ ನಾರು ಮಾತ್ರ ಅಲ್ಲಲ್ಲಿ ನಾಲಿಗೆಗೆ ಸಿಗುತ್ತದೆ. ಕಟ್ಟನ್ನು ಬಸಿದು ಬೇರೆ ಇಟ್ಟುಕೊಂಡು, ಗಟ್ಟಿಯನ್ನು ಮಸೆದ ಮೇಲೆ ಮತ್ತೆ ಸೇರಿಸಿ. ನೀರಿನಲ್ಲಿ ತೇಲುವ ಬೇಳೆ ಕೋಲಿಗೆ ಸಿಗುವುದಿಲ್ಲ.

ಮರದ ಸಲಕರಣೆ ಆರಿಸುವಾಗ ಹಲಸು, ಬೇವು, ಬೀಟೆಯಂಥ ಗಟ್ಟಿ ಮರದ್ದನ್ನು ನೋಡಿ, ಬಣ್ಣ ಹಚ್ಚದ್ದನ್ನೇ ಕೊಳ್ಳಿ. ಚನ್ನಪಟ್ಟಣದ ಗೊಂಬೆಗಳಿಗೆ ಹಚ್ಚುವ ಅರಗಿನ ಬಣ್ಣ ಬಹಳ ಸುಂದರವಾದದ್ದು, ಆದರೆ ಅರಗು ಕುದಿಯುವ ನೀರಿನ ಬಿಸಿಗಿಂತ ಕಡಿಮೆ ಬಿಸಿಯಲ್ಲೇ ಮೆತ್ತಗಾಗುತ್ತದೆ. ಅಂಥ ಬಣ್ಣ ಹಿಡಿಯ ತುದಿಯಲ್ಲಿದ್ದರೆ ತೊಂದರೆಯಿಲ್ಲ, ಪಾತ್ರೆಯೊಳಗೆ ಇಳಿಯುವ ಭಾಗದಲ್ಲಿ ಇರಬಾರದು.

ಐದನೆಯ ಹಂತ: ಗಾಳಿ ಸೇರಿಸಬೇಕಾದಾಗ

ಉದ್ದಿನ ವಡೆಯ ಹಿಟ್ಟಿಗೆ ಅತ್ಯುತ್ತಮ ಸಲಕರಣೆ ಕೈ. ಬೆರಳುಗಳನ್ನು ತುಸು ಅಗಲಿಸಿ, ಅಂಗೈಯನ್ನು ಬಟ್ಟಲಿನಂತೆ ಬಾಗಿಸಿ, ತಳದಿಂದ ಹಿಟ್ಟನ್ನು ಎತ್ತಿ ಮೇಲಿನಿಂದ ಬಡಿಯುತ್ತ ಐದಾರು ನಿಮಿಷ ಕಲಸಿದರೆ ಉದ್ದಿನ ಅಂಟು ಗಾಳಿಯನ್ನು ಹಿಡಿದಿಟ್ಟುಕೊಳ್ಳುತ್ತದೆ. ಒಂದು ತೊಟ್ಟು ಹಿಟ್ಟನ್ನು ಲೋಟದ ನೀರಿಗೆ ಬಿಡಿ. ತೇಲಿದರೆ ಸಾಕಷ್ಟು ಗಾಳಿ ಸೇರಿದೆ ಎಂದರ್ಥ, ಮುಳುಗಿದರೆ ಇನ್ನೂ ಕಲಸಬೇಕು. ಈ ಹಿಟ್ಟು ವಿಸ್ಕಿನ ತಂತಿಗಳಲ್ಲಿ ಕಚ್ಚಿಕೊಳ್ಳುವುದರಿಂದ ಅದು ಇಲ್ಲಿ ಕೆಲಸಕ್ಕೆ ಬಾರದು.

ಮೊಟ್ಟೆಯ ಬಿಳಿಗೆ ಬಲೂನ್ ವಿಸ್ಕ್ ಬೇಕು. ಹೊಡೆದಾಗ ಬಿಳಿಯಲ್ಲಿರುವ ಪ್ರೋಟೀನಿನ ಎಳೆಗಳು ಬಿಚ್ಚಿಕೊಂಡು ಗಾಳಿಯ ಗುಳ್ಳೆಗಳ ಸುತ್ತ ಬಲೆ ಹೆಣೆಯುತ್ತವೆ. ಚೆನ್ನಾಗಿ ಹೊಡೆದ ಬಿಳಿ ಮೊದಲಿನ ಗಾತ್ರದ ಆರರಿಂದ ಎಂಟರಷ್ಟಾಗುತ್ತದೆ. ಒಂದು ಹನಿ ಹಳದಿಯಾಗಲಿ, ಪಾತ್ರೆಯಲ್ಲಿ ಉಳಿದ ಎಣ್ಣೆಯಾಗಲಿ ಆ ಬಲೆಯನ್ನು ಕೆಡಿಸುತ್ತದೆ. ಪ್ಲಾಸ್ಟಿಕ್ ಬೋಗುಣಿ ಎಷ್ಟು ತೊಳೆದರೂ ಜಿಡ್ಡನ್ನು ಉಳಿಸಿಕೊಳ್ಳುವುದರಿಂದ ಸ್ಟೀಲ್ ಅಥವಾ ಗಾಜಿನದು ಲೇಸು. ಮೊಟ್ಟೆ ತಣ್ಣಗಿರುವಾಗ ಬಿಳಿ ಹಳದಿ ಬೇರ್ಪಡಿಸಿ, ಬಿಳಿ ಕೋಣೆಯ ಉಷ್ಣತೆಗೆ ಬಂದ ಮೇಲೆ ಹೊಡೆಯಿರಿ. ನಾಲ್ಕು ಹನಿ ನಿಂಬೆರಸ ಹಾಕಿದರೆ ನೊರೆ ಹೆಚ್ಚು ಹೊತ್ತು ನಿಲ್ಲುತ್ತದೆ. ವಿಸ್ಕನ್ನು ಎತ್ತಿದಾಗ ನೊರೆಯ ತುದಿ ನೆಟ್ಟಗೆ ನಿಂತರೆ ನಿಲ್ಲಿಸಬೇಕು. ಮುಂದುವರಿಸಿದರೆ ಹತ್ತಿಯ ತುಣುಕುಗಳಂತೆ ಒಡೆದು ನೀರು ಬಿಡುತ್ತದೆ. ಎರಡು ಮೊಟ್ಟೆಯ ಆಮ್ಲೆಟ್ಟಿಗೆ ಇಷ್ಟೆಲ್ಲ ಬೇಡ, ಒಂದು ಫೋರ್ಕ್ ಸಾಕು.

ಹಿಡಿ ತಿರುಗಿಸಿದರೆ ಎರಡು ಅಲಗುಗಳು ಒಂದರೊಳಗೊಂದು ಸುತ್ತುವ ಬೀಟರ್ ಅನ್ನು ಅಮೆರಿಕದ ರೋಡ್ ಐಲೆಂಡ್‌ನ ಟರ್ನರ್ ವಿಲಿಯಮ್ಸ್ 1870ರಲ್ಲಿ ಪೇಟೆಂಟ್ ಮಾಡಿಸಿದರು. ಈಗಲೂ ಮಾರಾಟವಾಗುವುದು ಹೆಚ್ಚುಕಡಿಮೆ ಅದೇ ರಚನೆ. ಹಲ್ಲುಚಕ್ರದಿಂದಾಗಿ ಹಿಡಿಯ ಒಂದು ಸುತ್ತಿಗೆ ಅಲಗುಗಳು ಹಲವು ಸುತ್ತು ತಿರುಗುತ್ತವೆ. ಮೊಣಕೈ ನೋವಿರುವವರಿಗೆ, ಕೆನೆ ಮತ್ತು ಮೊಟ್ಟೆಯ ಕೆಲಸಕ್ಕೆ ಇದು ನಿಜವಾಗಿ ಸಹಾಯಕ. ಆದರೆ ಇದಕ್ಕೆ ಎರಡು ಕೈಯೂ ಬೇಕು, ಪಾತ್ರೆ ಜಾರದಂತೆ ಕೆಳಗೆ ಒದ್ದೆ ಬಟ್ಟೆ ಹಾಸಬೇಕು, ಮತ್ತು ಗಟ್ಟಿ ಹಿಟ್ಟಿಗೆ ಹಾಕಿದರೆ ಹಲ್ಲುಗಳು ಸವೆದುಹೋಗುತ್ತವೆ. ಹಲ್ಲುಚಕ್ರ ಲೋಹದ್ದಾಗಿರುವುದನ್ನೇ ಕೊಳ್ಳಿ.

ಕ್ರೀಮ್ ಹೊಡೆಯುವವರು ಸಲಕರಣೆಗಿಂತ ಮೊದಲು ಪೊಟ್ಟಣದ ಮೇಲಿನ ಕೊಬ್ಬಿನ ಅಂಕಿಯನ್ನು ನೋಡಬೇಕು. 30%ಕ್ಕೆ ಕಡಿಮೆಯಿದ್ದರೆ ಯಾವ ವಿಸ್ಕಿನಲ್ಲಿ ಎಷ್ಟು ಹೊಡೆದರೂ ಅದು ಗಟ್ಟಿ ನಿಲ್ಲುವುದಿಲ್ಲ. ಬೆಣ್ಣೆ ತೆಗೆಯುವಾಗ ಹೇಳಿದ್ದಕ್ಕೆ ವಿರುದ್ಧವಾಗಿ ಇಲ್ಲಿ ಕ್ರೀಮ್, ಪಾತ್ರೆ, ವಿಸ್ಕ್ ಮೂರೂ ಫ್ರಿಜ್‌ನಷ್ಟು ತಣ್ಣಗಿರಬೇಕು.

ಆರನೆಯ ಹಂತ: ಇರುವ ಗಾಳಿಯನ್ನು ಉಳಿಸಬೇಕಾದಾಗ

ರಾತ್ರಿಯಿಡೀ ಹುದುಗಿದ ಇಡ್ಲಿ ಹಿಟ್ಟನ್ನು ಬೆಳಿಗ್ಗೆ ಜೋರಾಗಿ ತಿರುವಿದರೆ ರಾತ್ರಿಯ ಕೆಲಸವೆಲ್ಲ ವ್ಯರ್ಥ. ಅಗಲವಾದ ಸೌಟನ್ನು ತಳಕ್ಕಿಳಿಸಿ ಒಂದೆರಡು ಸಲ ಮೃದುವಾಗಿ ಮೇಲಕ್ಕೆತ್ತಿದರೆ ಸಾಕು. ಇಡ್ಲಿ ಹಿಟ್ಟನ್ನು ರಾತ್ರಿ ಕೈಯಿಂದಲೇ ಕಲಸಬೇಕೆಂಬ ಮಾತಿದೆ. ಹುದುಗು ಬರಿಸುವ ಲ್ಯುಕೊನೊಸ್ಟಾಕ್ ಮೆಸೆಂಟರಾಯ್ಡಿಸ್ ಎಂಬ ಬ್ಯಾಕ್ಟೀರಿಯಾ ಉದ್ದಿನಲ್ಲೇ ಇರುವುದರಿಂದ ಕೈ ಕಡ್ಡಾಯವಲ್ಲ; ಅಕ್ಕಿ ಉದ್ದಿನ ಹಿಟ್ಟುಗಳು ಗಂಟಿಲ್ಲದೆ ಸೇರಿವೆಯೇ ಎಂದು ಬೆರಳಿಗೆ ಬೇಗ ತಿಳಿಯುತ್ತದೆ ಎಂಬ ಲಾಭವಂತೂ ಇದೆ.

ಕೇಕಿಗೆ ಮೈದಾ ಸೇರಿಸಿದ ಮೇಲೆ ವಿಸ್ಕನ್ನು ಕೆಳಗಿಟ್ಟು ಸಿಲಿಕೋನ್ ಸ್ಪ್ಯಾಚುಲಾ ತೆಗೆದುಕೊಳ್ಳಿ. ಒದ್ದೆಯಾದ ಮೈದಾವನ್ನು ತಿರುವಿದಷ್ಟೂ ಗ್ಲುಟೆನ್ ಎಂಬ ಅಂಟು ಪ್ರೋಟೀನು ಬಲಿತು ಕೇಕು ಜಗಿಯುವಂತಾಗುತ್ತದೆ. ಸ್ಪ್ಯಾಚುಲಾದ ಅಂಚಿನಿಂದ ಹಿಟ್ಟನ್ನು ನಡುವೆ ಸೀಳಿ, ತಳದಿಂದ ಮೇಲಕ್ಕೆ ಮಡಚಿ, ಪಾತ್ರೆಯನ್ನು ಕಾಲುಭಾಗ ತಿರುಗಿಸಿ, ಮತ್ತೆ ಅದೇ ರೀತಿ ಮಾಡಿ. ಬಿಳಿ ಹಿಟ್ಟು ಕಾಣದಾದ ಕೂಡಲೇ ನಿಲ್ಲಿಸಿ.

ಏಳನೆಯ ಹಂತ: ಬೆಂಕಿಯ ಮೇಲಿನ ಕೆಲಸ

ಹಲ್ವ, ಹಾಲುಬಾಯಿ, ಮೈಸೂರು ಪಾಕ್‌ಗಳಲ್ಲಿ ಪದಾರ್ಥ ಸೀಯುವುದು ತಳದಲ್ಲಿ. ಆದ್ದರಿಂದ ತಳವನ್ನು ಪೂರ್ತಿ ಸವರುವ ನೇರ ಅಂಚಿನ ಸಲಕರಣೆ ಬೇಕು. ಮಗುಚುವ ಕೈ ಅಥವಾ ಚಪ್ಪಟೆ ಸಟ್ಟುಗ ಇದಕ್ಕೆ ಸರಿ. ಗುಂಡು ಬುಡದ ಸೌಟು ತಳಕ್ಕೆ ಒಂದು ಬಿಂದುವಿನಲ್ಲಿ ಮಾತ್ರ ತಾಗುತ್ತದೆ. ಉತ್ತರ ಕರ್ನಾಟಕದ ಮನೆಗಳ ಕಟ್ಟಿಗೆಯ ಹುಟ್ಟು ಗಂಜಿ, ಅಂಬಲಿಗಳಿಗೆ ಒಳ್ಳೆಯದು. ನಾನ್‌ಸ್ಟಿಕ್ ಬಾಣಲೆಗೆ ಲೋಹದ ಯಾವುದನ್ನೂ ತಾಗಿಸಬಾರದು. ಅಲ್ಯೂಮಿನಿಯಂ ಪಾತ್ರೆಯಲ್ಲಿ ಸ್ಟೀಲ್ ವಿಸ್ಕನ್ನು ತಿಕ್ಕಿದರೆ ಬಿಳಿಯ ಪದಾರ್ಥ ಬೂದು ಬಣ್ಣಕ್ಕೆ ತಿರುಗುತ್ತದೆ.

ಎಂಟನೆಯ ಹಂತ: ಕೊಳ್ಳುವ ಕ್ರಮ ಮತ್ತು ಕಾಪಿಡುವ ರೀತಿ

ಹೊಸದಾಗಿ ಸಂಸಾರ ಹೂಡುವವರು ಮೊದಲು ಒಂದು ಮಗುಚುವ ಕೈ, ಒಂದು ಸಪೂರ ವಿಸ್ಕ್, ಒಂದು ಮರದ ಕಡೆಗೋಲು ಕೊಂಡರೆ ದಿನನಿತ್ಯದ ಕೆಲಸ ಬಹುಪಾಲು ನಡೆಯುತ್ತದೆ. ಮುದ್ದೆ ಉಣ್ಣುವ ಮನೆಯಾದರೆ ಮುದ್ದೆಕೋಲು ಈ ಮೂರಕ್ಕಿಂತಲೂ ಮೊದಲು ಬರಬೇಕು. ಸ್ಪ್ಯಾಚುಲಾ, ಬಲೂನ್ ವಿಸ್ಕ್, ಬೀಟರ್‌ಗಳು ಕೇಕು ಮಾಡುವ ಅಭ್ಯಾಸ ನಿಜವಾಗಿ ಬೆಳೆದ ಮೇಲೆ ಬಂದರೆ ಸಾಕು. ಪರದೇಶದಲ್ಲಿರುವ ಕನ್ನಡಿಗರು ಊರಿಗೆ ಬಂದಾಗ ಕಡೆಗೋಲು, ಮುದ್ದೆಕೋಲುಗಳನ್ನು ಜಾತ್ರೆಯಲ್ಲೋ ಸಂತೆಯಲ್ಲೋ ಕೈಯಲ್ಲಿ ಹಿಡಿದು ನೋಡಿ ಕೊಳ್ಳುವುದು ಒಳಿತು, ಏಕೆಂದರೆ ಹಿಡಿ ನಮ್ಮ ಕೈಗೆ ಹೊಂದುತ್ತದೆಯೇ ಎಂಬುದು ಚಿತ್ರದಲ್ಲಿ ಕಾಣುವುದಿಲ್ಲ.

ಮರದವನ್ನು ನೀರಿನಲ್ಲಿ ನೆನೆಯಲು ಬಿಡಬೇಡಿ, ಬಳಸಿದ ಕೂಡಲೇ ಬಿಸಿನೀರಿನಲ್ಲಿ ತೊಳೆದು, ಒರೆಸಿ, ಗಾಳಿಯಾಡುವಲ್ಲಿ ನೇತುಹಾಕಿ. ಹೊಸದನ್ನು ಮೊದಲ ಸಲ ಅಕ್ಕಿ ತೊಳೆದ ನೀರಿನಲ್ಲಿ ಒಮ್ಮೆ ಕುದಿಸಿ ಒಣಗಿಸಿದರೆ ಮರದ ವಾಸನೆ ಕಡಿಮೆಯಾಗುತ್ತದೆ. ಒಣಗಿ ಒರಟಾದ ಕೋಲಿಗೆ ತೆಳುವಾಗಿ ಕೊಬ್ಬರಿ ಎಣ್ಣೆ ಸವರಿ ರಾತ್ರಿಯಿಡೀ ಬಿಟ್ಟು ಬೆಳಿಗ್ಗೆ ಬಟ್ಟೆಯಿಂದ ಒರೆಸಿ. ಕಡೆಗೋಲಿನ ಏಣುಗಳ ನಡುವೆ ಬೆಣ್ಣೆ ಉಳಿಯುವುದರಿಂದ ಮೊದಲು ಬಿಸಿನೀರು ಹುಯ್ದು ಜಿಡ್ಡು ಕರಗಿಸಿ, ಆಮೇಲೆ ಸೀಗೆಪುಡಿ ಹಾಕಿ ತೆಂಗಿನ ನಾರಿನಿಂದ ತಿಕ್ಕಬೇಕು. ಬಿರುಕು ಬಿಟ್ಟ ಮರವನ್ನು ಎಣ್ಣೆ ಹಚ್ಚಿ ಉಳಿಸಿಕೊಳ್ಳಲು ಆಗುವುದಿಲ್ಲ. ಅಂಥದ್ದನ್ನು ಅಡುಗೆಯಿಂದ ತೆಗೆದು ಹೊಸದನ್ನು ತನ್ನಿ.